ಫೆನೆಚ್ ಅಲ್ಲ, ಫೆನೆಕ್

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ಪುರವಣಿಯಲ್ಲಿ ಕಬೀರ್ ಬೇಡಿ ಇಟಲಿಯಲ್ಲಿ ಹೆಸರು ಮಾಡಿದ ಕಥೆ ಓದಿ ಖುಷಿಯಾಯಿತು. 1976ರ 'ಸಂದೋಕಾನ್' ಧಾರಾವಾಹಿ ಅಲ್ಲಿನ ಜನರನ್ನು ಹುಚ್ಚು ಹಿಡಿಸಿತ್ತು ಎಂದು ಬರೆದಿದ್ದೀರಿ. ನಿಜ. ನಾನು ರೋಮ್‌ನಲ್ಲಿ ಮನೆಕೆಲಸಕ್ಕಿದ್ದವಳು. ಇಂಡಿಯಾದವಳು ಅಂದ ಕೂಡಲೇ ತರಕಾರಿ ಅಂಗಡಿಯವನೂ 'ಸಂದೋಕಾನ್!' ಎಂದು ಕೂಗುತ್ತಿದ್ದ.

ಆದರೆ ಅದೇ ಪುಟದ ಮೂಲೆಯಲ್ಲಿ ಒಬ್ಬ ನಟಿಯ ಸಣ್ಣ ಫೋಟೊ ಹಾಕಿ, ಕೆಳಗೆ 'ಫ್ರಾನ್ಸ್‌ನಲ್ಲಿ ಹುಟ್ಟಿದ ಮಾದಕ ತಾರೆ ಎಡ್ವಿಜ್ ಫೆನೆಚ್' ಎಂದು ಒಂದು ಸಾಲು ಬರೆದು ಮುಗಿಸಿದ್ದೀರಿ. ಆ ಸಾಲಿನಲ್ಲಿ ಎರಡು ತಪ್ಪುಗಳಿವೆ. 'ಮಾದಕ' ಎಂಬ ಪದವನ್ನು ತಪ್ಪು ಅನ್ನಲು ಆಗುವುದಿಲ್ಲ, ಆದರೆ ಜಾಸ್ತಿ ನೋವಾದದ್ದು ಅದರಿಂದಲೇ.

ಮೊದಲು ಹೆಸರು. ಅದು ಫೆನೆಕ್. ಮಾಲ್ಟಾ ದ್ವೀಪದ ಮನೆತನದ ಹೆಸರು. ಅಲ್ಲಿನ ಭಾಷೆಯಲ್ಲಿ ಫೆನೆಕ್ ಅಂದರೆ ಮೊಲ. ಅವರ ತಂದೆ ಮಾಲ್ಟಾ ಕಡೆಯವರು, ತಾಯಿಯ ಬೇರು ಸಿಸಿಲಿಯದು. ಎರಡನೆಯದು ಹುಟ್ಟೂರು. ಅವರು ಹುಟ್ಟಿದ್ದು 1948ರಲ್ಲಿ, ಅಲ್ಜೀರಿಯಾದ ಕಡಲ ತೀರದ ಊರಲ್ಲಿ. ಆಗ ಅದು ಫ್ರೆಂಚರ ಕೈಯಲ್ಲಿದ್ದು ಬೋನ್ ಅನ್ನಿಸಿಕೊಳ್ಳುತ್ತಿತ್ತು, ಈಗ ಅನ್ನಾಬಾ. ಆಮೇಲೆ ಫ್ರಾನ್ಸಿನ ನೀಸ್ ಊರು, ಸೌಂದರ್ಯ ಸ್ಪರ್ಧೆ, ಅಲ್ಲಿಂದ ಸಿನಿಮಾ. 1960ರ ದಶಕದ ಕೊನೆಗೆ, ಇನ್ನೂ ಇಪ್ಪತ್ತರ ಆಸುಪಾಸಿನಲ್ಲಿ, ಇಟಲಿ ಸಿನಿಮಾಕ್ಕೆ ಬಂದರು.

ನಾನು ಶಿರ್ವದಿಂದ ರೋಮ್‌ಗೆ ಹೋದದ್ದು 1989ರ ಅಕ್ಟೋಬರಿನಲ್ಲಿ. ಆಗ ನನಗೆ 23. ಮನೆಯ ಯಜಮಾನಿ ಎಂಬತ್ತು ದಾಟಿದ ಅಜ್ಜಿ. ನಾನು ಅವರನ್ನು ಸಿನ್ಯೋರಾ ಅನ್ನುತ್ತಿದ್ದೆ. ಗುರುವಾರ ಮಧ್ಯಾಹ್ನ ಮತ್ತು ಭಾನುವಾರ ನಮಗೆ ರಜೆ. ನಮ್ಮಂಥವರೆಲ್ಲ ಆ ಹೊತ್ತಿಗೆ ತೆರ್ಮಿನಿ ರೈಲು ನಿಲ್ದಾಣದ ಹತ್ತಿರ ಸೇರುತ್ತಿದ್ದರು. ಮೊದಲ ಚಳಿಗಾಲದಲ್ಲಿ ನನಗೆ ಗುರುತಿನವರೇ ಇರಲಿಲ್ಲ. ಚರ್ಚಿನ ಪೂಜೆ ಮುಗಿಸಿ ಮನೆಗೆ ಬಂದು ಸಿನ್ಯೋರಾ ಪಕ್ಕದಲ್ಲಿ ಟಿವಿ ಮುಂದೆ ಸುಮ್ನೆ ಕೂರುತ್ತಿದ್ದೆ.

ಭಾನುವಾರ ಮಧ್ಯಾಹ್ನ ಇಟಲಿಯ ಸರ್ಕಾರಿ ಟಿವಿ ರಾಯ್‌ನ ಒಂದನೇ ಚಾನೆಲಿನಲ್ಲಿ 'ದೊಮೆನಿಕಾ ಇನ್' ಬರುತ್ತದೆ. 1976ರಿಂದ ನಡೆಯುತ್ತಿರುವ ಕಾರ್ಯಕ್ರಮ. ಹಾಡು, ಮಾತು, ಅತಿಥಿಗಳು, ನಗು, ಎಲ್ಲ ನೇರ ಪ್ರಸಾರ, ಗಂಟೆಗಟ್ಟಲೆ. ಆ ವರ್ಷ ಅದನ್ನು ನಡೆಸುತ್ತಿದ್ದವರು ಎಡ್ವಿಜ್ ಫೆನೆಕ್. ಅವರು ಯಾರು ಎಂದು ನನಗೆ ಗೊತ್ತಿರಲಿಲ್ಲ. ಚೆಂದದ ಹೆಂಗಸು, ಅಷ್ಟೆ. ಒಂದು ಭಾನುವಾರ ಸಿನ್ಯೋರಾ ನನ್ನ ಮೊಣಕೈ ತಟ್ಟಿ ಹೇಳಿದರು: 'ಕೇಳು, ಇವಳೂ ನಿನ್ನ ಹಾಗೆ ಹೊರಗಿನಿಂದ ಬಂದವಳು. ಮಾತಲ್ಲಿ ಗೊತ್ತಾಗುತ್ತೆ ನೋಡು.'

ಆಮೇಲೆ ಕಿವಿಗೊಟ್ಟು ಕೇಳತೊಡಗಿದೆ. ಹೌದು, ಇಟಾಲಿಯನ್ ಮಾತಿನ ಒಳಗೆ ತೆಳುವಾಗಿ ಒಂದು ಫ್ರೆಂಚ್ ಎಳೆ. ಅದನ್ನು ಅವರು ಮುಚ್ಚಿಡುತ್ತಿರಲಿಲ್ಲ. ಇಡೀ ದೇಶ ಊಟ ಮುಗಿಸಿ ಕೂತು ನೋಡುವ ಹೊತ್ತಿನಲ್ಲಿ ಅದೇ ದನಿಯಲ್ಲಿ ಮಾತಾಡುತ್ತಿದ್ದರು.

ಇದು ನನಗೆ ಯಾಕೆ ದೊಡ್ಡದಾಯಿತು ಎಂದು ಹೇಳಬೇಕು. ಅದೇ ತಿಂಗಳು ಅಂಗಡಿಯಲ್ಲಿ ನಾನು ಬೆಳ್ಳುಳ್ಳಿ ಕೇಳಿದ್ದೆ. ಬೆಳ್ಳುಳ್ಳಿಗೆ ಅವರು 'ಆಲ್ಯೊ' ಅನ್ನುತ್ತಾರೆ, ಎಣ್ಣೆಗೆ 'ಓಲಿಯೊ'. ಅಪ್ಪ, ಅಕ್ಕ, ಹಳ್ಳಿ ಎಂದು ಬೆಳೆದ ನಾಲಿಗೆಗೆ ಅವರ ಒತ್ತಕ್ಷರಗಳು ಕಷ್ಟವಲ್ಲ. ಅಜ್ಜಿಗೆ ಅವರು ಹೇಳುವ 'ನೊನ್ನ' ನಮಗೆ ನೀರು ಕುಡಿದಷ್ಟು ಸುಲಭ. ಆದರೆ ಆ 'ಲ್ಯ' ಮಾತ್ರ ಬೇರೆ ಥರ. ನಾಲಿಗೆಯ ನಡುಭಾಗ ಅಂಗುಳಕ್ಕೆ ಅಂಟಬೇಕು. ನನಗೆ ಬರಲಿಲ್ಲ. ಹುಡುಗ ಎಣ್ಣೆ ಬಾಟಲಿ ಕೊಟ್ಟ. ವಾಪಸ್ ಕೊಡಲು ಧೈರ್ಯವಾಗದೆ ತಂದೆ. ರಾತ್ರಿ ಊಟಕ್ಕೆ ಬಂದಿದ್ದ ನೆಂಟರೊಬ್ಬರು ನನ್ನ ಉಚ್ಚಾರವನ್ನು ಮೂರು ಸಲ ಅನುಕರಿಸಿ ತೋರಿಸಿದರು. ಎಲ್ಲರೂ ನಕ್ಕರು. ನಾನು ಅಡುಗೆಮನೆಗೆ ಹೋಗಿ ನಲ್ಲಿ ತಿರುಗಿಸಿ ನಿಂತೆ. ಆಮೇಲೆ ಎಷ್ಟೋ ದಿನ ಅಂಗಡಿಯಲ್ಲಿ ಬಾಯಿ ಬಿಡದೆ ಬೆರಳು ತೋರಿಸಿಯೇ ಸಾಮಾನು ತಂದೆ.

ಫೆನೆಕ್ ಅವರ ಹಳೆಯ ಸಿನಿಮಾಗಳ ವಿಷಯ ತಿಳಿದದ್ದು ಆಮೇಲೆ. ಖಾಸಗಿ ಚಾನೆಲುಗಳಲ್ಲಿ ರಾತ್ರಿ ಹಾಕುತ್ತಿದ್ದರು. ಮೊದಲು ಕೊಲೆ, ರಹಸ್ಯದ ಸಿನಿಮಾಗಳು. ಆಮೇಲೆ ಹೆಚ್ಚಾಗಿ ಕಾಮಿಡಿ, ಒಂದರ ಹಿಂದೆ ಒಂದು. ಮುಚ್ಚುಮರೆ ಯಾಕೆ, ಅವುಗಳಲ್ಲಿ ಬಹಳಷ್ಟು ನನಗೆ ಹಿಡಿಸಲಿಲ್ಲ. ಬೀಗದ ಕಿಂಡಿಯಲ್ಲಿ ಇಣುಕುವ ಗಂಡಸರು, ಸ್ನಾನದ ದೃಶ್ಯ, ಅವೇ ಅವೇ. ಆ ದೃಶ್ಯಗಳನ್ನು ಕಂಡವರು 'ಮಾದಕ' ಎಂದು ಬರೆದರೆ ಅಚ್ಚರಿಯಿಲ್ಲ.

ಆದರೆ ಅವರಿಗೆ ಕೊಟ್ಟ ಕೆಲಸಗಳನ್ನು ನೋಡಿ. 1975ರಲ್ಲಿ ಟೀಚರ್. 1976ರಲ್ಲಿ ಪೊಲೀಸ್. ಅದೇ ವರ್ಷ ನ್ಯಾಯಾಧೀಶೆ. 1977ರಲ್ಲಿ ಮಿಲಿಟರಿ ಡಾಕ್ಟರ್. ಇಟಲಿಯಲ್ಲಿ ಹೆಂಗಸರಿಗೆ ನ್ಯಾಯಾಧೀಶರ ಹುದ್ದೆ ತೆರೆದದ್ದೇ 1963ರ ಕಾನೂನಿನಿಂದ. ಸೈನ್ಯಕ್ಕೆ ಸೇರಲು 1999ರವರೆಗೆ ಕಾಯಬೇಕಾಯಿತು. ಅಂದರೆ ಆ ಕುರ್ಚಿಯಲ್ಲಿ ಹೆಂಗಸು ಕೂತಿದ್ದಾಳೆ ಅನ್ನುವುದೇ ಅಂದಿನ ಜನಕ್ಕೆ ತಮಾಷೆ. ಸುತ್ತ ಗಂಡಸರು ಎಡವುತ್ತಾರೆ, ಕಿರುಚುತ್ತಾರೆ, ಬೀಳುತ್ತಾರೆ. ನಡುವೆ ಇವರು ಮುಖ ಗಂಭೀರವಾಗಿಟ್ಟುಕೊಂಡು ನಿಲ್ಲುತ್ತಾರೆ. ಇವರು ಹಾಗೆ ನಿಂತರೆ ತಾನೇ ಅವರು ಬಿದ್ದದ್ದಕ್ಕೆ ನಗು ಬರುವುದು? ನ್ಯಾಯಾಧೀಶೆಯ ಸಿನಿಮಾದಲ್ಲಿ ಅವರದು ಡಬಲ್ ರೋಲ್. ಒಬ್ಬಳು ಕಟ್ಟುನಿಟ್ಟಿನವಳು, ಇನ್ನೊಬ್ಬಳು ಅವಳ ಅವಳಿ, ಪೂರ್ತಿ ಉಲ್ಟಾ. ಡಬಲ್ ರೋಲ್ ಎಷ್ಟು ಕಷ್ಟ ಎಂದು ನಮ್ಮ ಸಿನಿಮಾ ನೋಡಿದವರಿಗೆ ಬೇರೆ ಹೇಳಬೇಕಿಲ್ಲ. ಅವರನ್ನು ಬರೀ ಮೈ ಎಂದು ನೋಡಿದವರು ಈ ಕೆಲಸವನ್ನು ಲೆಕ್ಕಕ್ಕೇ ಹಿಡಿಯಲಿಲ್ಲ.

ದನಿಯ ವಿಷಯಕ್ಕೆ ಬರುತ್ತೇನೆ. ಆ ಕಾಲದ ಇಟಲಿ ಸಿನಿಮಾದಲ್ಲಿ ಮಾತನ್ನು ಶೂಟಿಂಗ್ ಮುಗಿದ ಮೇಲೆ ಸ್ಟುಡಿಯೊದಲ್ಲಿ ಸೇರಿಸುತ್ತಿದ್ದರು. ಹೊರಗಿನಿಂದ ಬಂದ ನಟರಿಗೆ ಸಾಮಾನ್ಯವಾಗಿ ಬೇರೆಯವರ ದನಿ. ನಿಮ್ಮ ಲೇಖನದ ಕಬೀರ್ ಬೇಡಿಯವರಿಗೂ ಸಂದೋಕಾನ್‌ನಲ್ಲಿ ದನಿ ಕೊಟ್ಟವರು ಪೀನೊ ಲೊಕ್ಕಿ ಎಂಬ ಹೆಸರಾಂತ ಕಂಠದಾನ ಕಲಾವಿದರು. ಫೆನೆಕ್ ಅವರ ಹಲವು ಸಿನಿಮಾಗಳಲ್ಲೂ ಹಾಗೇ ಆಯಿತು. ಮುಖ ಇವರದು, ಮಾತು ಇನ್ನೊಬ್ಬರದು. ಅವರ ಜೊತೆ ನಟಿಸಿದ ಲೀನೊ ಬಾಂಫಿಯನ್ನು ನೋಡಿ. ದಕ್ಷಿಣದ ಪುಲ್ಯಾ ಸೀಮೆಯವರು. ಆ ಸೀಮೆಯ ಎಳೆದ ಮಾತೇ ಅವರ ಬಂಡವಾಳ. 1981ರ ಒಂದು ಸಿನಿಮಾದಲ್ಲಿ ಅವರು ಪಾದ್ರಿಗಳ ಬಟ್ಟೆ ಹೊಲಿಯುವ ಟೈಲರ್, ಫೆನೆಕ್ ಅವರು ಒಪೆರಾ ಹಾಡುಗಾತಿ. ಸಿನ್ಯೋರಾ ಅದನ್ನು ನೋಡಿ ಕಣ್ಣೀರು ಬರುವಷ್ಟು ನಗುತ್ತಿದ್ದರು. ಊರ ಗಂಡಸಿನ ಊರ ಮಾತಿಗೆ ಬೆಲೆ ಇತ್ತು. ಹೊರಗಿಂದ ಬಂದ ಹೆಣ್ಣಿನ ಮಾತನ್ನು ಮಾತ್ರ ತಿದ್ದಿ ಒರೆಸಬೇಕಾಗಿತ್ತು. ಇದು ನ್ಯಾಯ ಅಲ್ಲ ಅಲ್ವಾ?

ಅದಕ್ಕೇ ಆ ಭಾನುವಾರಗಳು ನನಗೆ ಮುಖ್ಯ. ಟಿವಿಯ ನೇರ ಪ್ರಸಾರದಲ್ಲಿ ಬೇರೆಯವರ ದನಿ ಅಂಟಿಸಲು ಆಗುವುದಿಲ್ಲ. ಇಷ್ಟು ವರ್ಷ ಮುಖ ನೋಡಿದ್ದ ಜನ ಅಲ್ಲಿ ಅವರ ಮಾತು ಕೇಳಿದರು. 1991ರಲ್ಲಿ ಸಾನ್ ರೇಮೊ ಹಾಡಿನ ಉತ್ಸವವನ್ನು ನಡೆಸಿಕೊಡಲು ಅವರನ್ನೂ ಕರೆದರು. ಅದು ಅಲ್ಲಿನ ಮನೆಮನೆಯ ಹಬ್ಬ. ನಾನೂ ಸಿನ್ಯೋರಾ ಜೊತೆ ಶಾಲು ಹೊದ್ದು ರಾತ್ರಿ ತಡವಾಗುವವರೆಗೆ ನೋಡಿದೆ. ಆ ಸಲ ಗೆದ್ದ ಹಾಡುಗಾರ ರಿಕ್ಕಾರ್ದೊ ಕೊಚ್ಚಾಂತೆ ಕೂಡ ಹೊರಗೆ ಹುಟ್ಟಿದವರೇ, ವಿಯೆಟ್ನಾಮಿನ ಸೈಗಾನ್‌ನಲ್ಲಿ.

ಮುಂದೆ ಅವರು ನಿರ್ಮಾಪಕಿಯಾದರು. ಅಲ್ ಪಚಿನೊ ಶೈಲಾಕ್ ಆಗಿ ನಟಿಸಿದ 2004ರ 'ಮರ್ಚೆಂಟ್ ಆಫ್ ವೆನಿಸ್' ಸಿನಿಮಾದ ನಿರ್ಮಾಪಕರಲ್ಲಿ ಇವರೂ ಒಬ್ಬರು. 2023ರಲ್ಲಿ, 74ರ ವಯಸ್ಸಿನಲ್ಲಿ, ಪೂಪಿ ಅವಾತಿ ನಿರ್ದೇಶನದ ಚಿತ್ರದಲ್ಲಿ ಮತ್ತೆ ಕ್ಯಾಮೆರಾ ಮುಂದೆ ಬಂದರು. ಇದನ್ನೆಲ್ಲ ಒಂದು ಪದದಲ್ಲಿ ಮುಗಿಸಬಹುದೇ?

ಆ ಚಳಿಗಾಲದ ಕೊನೆಗೆ ನಾನು ಮತ್ತೆ ಬಾಯಿಬಿಟ್ಟು ಬೆಳ್ಳುಳ್ಳಿ ಕೇಳಿದೆ. ಉಚ್ಚಾರ ಸರಿ ಬಂತೋ ಇಲ್ಲವೋ, ಹುಡುಗ ಈ ಸಲ ಬೆಳ್ಳುಳ್ಳಿಯನ್ನೇ ತೂಗಿ ಕೊಟ್ಟ. ಹನ್ನೆರಡು ವರ್ಷ ಆ ಊರಲ್ಲಿ ದುಡಿದೆ, ನನ್ನ ಕರಾವಳಿಯ ನಾಲಿಗೆಯಲ್ಲೇ ಇಟಾಲಿಯನ್ ಮಾತಾಡಿದೆ.

ನಿಮ್ಮಲ್ಲಿ ನನ್ನ ಕೋರಿಕೆ ಇಷ್ಟೇ. ಮುಂದೆ ಅವರ ಫೋಟೊ ಹಾಕುವಾಗ ಹೆಸರಿನ ಕೊನೆಗೆ 'ಕ್' ಬರೆಯಿರಿ. ಹುಟ್ಟಿದ ಊರು ಅನ್ನಾಬಾ ಎಂದು ಹಾಕಿ. 'ಮಾದಕ ತಾರೆ' ಎಂದು ಬರೆದ ಜಾಗದಲ್ಲಿ ನಟಿ, ನಿರೂಪಕಿ, ನಿರ್ಮಾಪಕಿ ಎಂಬ ಮೂರೂ ಪದ ಹಿಡಿಸುತ್ತವೆ.

ಇತಿ ನಿಮ್ಮ ಓದುಗಳು,
ಶಿರ್ವ, ಉಡುಪಿ ಜಿಲ್ಲೆ