ಧೌಲಿಯ ಬಂಡೆಯ ಮೇಲಿಲ್ಲದ ಮಾತು

ಪ್ರೀತಿಯ ಗೆಳೆಯ,

ಹೋದ ವಾರ ಫೋನಿನಲ್ಲಿ ನೀನು "ಏನೋ ಹೇಳೋಕೆ ಹೊರಟು ಸುಮ್ನಾದೆಯಲ್ಲ, ಏನದು?" ಅಂದೆ. ನಾನು ಮಾತು ಬದಲಿಸಿದೆ. ಈಗ ಬರೆಯುತ್ತಿದ್ದೇನೆ. ನಾಲ್ಕು ಜನ ಓದುವ ಜಾಗದಲ್ಲೇ ಬರೆಯುವುದಕ್ಕೆ ಒಂದು ಕಾರಣ ಇದೆ, ತಾಳು.

ಅಶೋಕನ ಹದಿಮೂರನೇ ಬಂಡೆ ಶಾಸನ ನಿನಗೆ ಬಾಯಿಪಾಠ. ಕಳಿಂಗದಲ್ಲಿ ಒಂದು ಲಕ್ಷ ಜನ ಸತ್ತರು, ಒಂದೂವರೆ ಲಕ್ಷ ಜನರನ್ನು ಹಿಡಿದು ಒಯ್ದರು, ಅದಕ್ಕೆ ರಾಜನಿಗೆ ಪಶ್ಚಾತ್ತಾಪವಾಗಿದೆ. ಗೆದ್ದವನೇ ಸತ್ತವರ ಲೆಕ್ಕ ಕೊರೆಸಿದ್ದಾನೆ! ಯುದ್ಧ ಮತ್ತು ನ್ಯಾಯದ ಪಾಠವನ್ನು ನಾನು ಪ್ರತಿವರ್ಷ ಇಲ್ಲಿಂದಲೇ ಶುರು ಮಾಡುತ್ತೇನೆ. ಆ ಶಾಸನ ಗಿರ್ನಾರ್‌ನಲ್ಲಿದೆ, ಕಾಲ್ಸಿಯಲ್ಲಿದೆ, ದೂರದ ಶಹಬಾಜ್‌ಗಢಿಯಲ್ಲೂ ಇದೆ. ಕಳಿಂಗದ್ದೇ ಆದ ಧೌಲಿ, ಜೌಗಡಗಳಲ್ಲಿ ಇಲ್ಲ. ಅಲ್ಲಿ ಅದರ ಬದಲು, ಎಲ್ಲ ಜನರೂ ನನ್ನ ಮಕ್ಕಳು ಎನ್ನುವ ಬೇರೆ ಶಾಸನ. ಬೇಕೆಂದೇ ಬಿಟ್ಟಿದ್ದು ಅಂತ ಹಲವು ಇತಿಹಾಸಕಾರರು ಹೇಳುತ್ತಾರೆ. ನನಗೆ ಇದೇನೂ ಹೊಸದಲ್ಲ. ಆದರೆ ಈ ಸಲ ಕ್ಲಾಸಿನಲ್ಲಿ ಒಬ್ಬ ಹುಡುಗಿ, "ಅಂದ್ರೆ ಪೆಟ್ಟು ತಿಂದವರಿಗೆ ಬಿಟ್ಟು ಮಿಕ್ಕವರಿಗೆಲ್ಲ ಹೇಳಿದ, ಅಲ್ವಾ ಸರ್?" ಅಂದಳು. ಬೋರ್ಡಿನ ಮೇಲೆ ಅರ್ಧ ಬರೆದ ಪದ ಅರ್ಧಕ್ಕೇ ನಿಂತಿತು.

ಅವತ್ತು ರಾತ್ರಿ, ವರ್ಣಭೇದ ಆಳ್ವಿಕೆಯ ಕಾಲದ ದೌರ್ಜನ್ಯಗಳ ವಿಚಾರಣೆ ನಡೆಸಿದ ದಕ್ಷಿಣ ಆಫ್ರಿಕಾದ ಸತ್ಯ ಮತ್ತು ಸಾಮರಸ್ಯ ಆಯೋಗದ ಮೇಲೆ ನಾನು ಮಾಡಿಟ್ಟಿದ್ದ ಹಳೆಯ ಟಿಪ್ಪಣಿ ತೆಗೆದೆ. 1996ರ ಏಪ್ರಿಲ್, ಈಸ್ಟ್ ಲಂಡನ್ ನಗರ, ಆಯೋಗದ ಮೊದಲ ವಿಚಾರಣೆ. 1985ರಲ್ಲಿ ಕೊಲೆಯಾದ ಹೋರಾಟಗಾರ ಫೋರ್ಟ್ ಕಲಾಟಾ ಅವರ ಹೆಂಡತಿ ನೊಮೊಂಡೆ ಸಾಕ್ಷಿ ಹೇಳುತ್ತಿದ್ದಾರೆ. ಮಾತು ಮಧ್ಯದಲ್ಲೇ ನಿಲ್ಲುತ್ತದೆ. ದೇಹ ಹಿಂದಕ್ಕೆ ವಾಲುತ್ತದೆ, ಒಂದು ಕೂಗು ಹೊರಡುತ್ತದೆ. ಕಲಾಪವನ್ನೇ ನಿಲ್ಲಿಸಬೇಕಾಯಿತು. ಅದರ ಪಕ್ಕದಲ್ಲಿ ನನ್ನದೇ ಕೈಬರಹದಲ್ಲಿ ಏನಿತ್ತು ಗೊತ್ತಾ? 'ಭಾವುಕ ಕ್ಷಣ. ಪ್ರಬಂಧಕ್ಕೆ ಬೇಡ.'

ಪ್ರಬಂಧಕ್ಕೆ ಬೇಕಾಗಿದ್ದು ಬೇರೆ. ಕ್ಷಮಾದಾನಕ್ಕೆ 7,112 ಅರ್ಜಿ ಬಂದವು, 849 ಜನರಿಗೆ ಸಿಕ್ಕಿತು. ಅದು ಸಿಗಬೇಕಾದರೆ ಮಾಡಿದ್ದನ್ನು ಪೂರ್ತಿ ಹೇಳಬೇಕು, ರಾಜಕೀಯ ಉದ್ದೇಶಕ್ಕೇ ಮಾಡಿದ್ದು ಅಂತ ತೋರಿಸಬೇಕು. ತಪ್ಪಾಯಿತು ಅನ್ನಲೇಬೇಕೆಂದು ಕಾನೂನು ಕೇಳಲಿಲ್ಲ. ನಮಗೆ ಈ ಕ್ಷಮಾದಾನ ಬೇಡ, ಕೋರ್ಟು ಬೇಕು ಅಂತ ಪೊಲೀಸರ ವಶದಲ್ಲಿದ್ದಾಗ ಸತ್ತ ಹೋರಾಟಗಾರ ಸ್ಟೀವ್ ಬಿಕೊ ಮನೆಯವರು ಸಂವಿಧಾನ ನ್ಯಾಯಾಲಯಕ್ಕೆ ಹೋದರು. 1996ರಲ್ಲಿ ಸೋತರು. ಆಯೋಗ ಮಾಡಿದ್ದು ತಪ್ಪು ಅನ್ನುವಷ್ಟು ಧೈರ್ಯ ನನಗೆ ಇವತ್ತಿಗೂ ಇಲ್ಲ. ನ್ಯೂರೆಂಬರ್ಗ್‌ನಲ್ಲಿ ವಿಚಾರಣೆಗೆ ನಿಂತ ನಾಜಿಗಳು ಎರಡನೇ ಮಹಾಯುದ್ಧದಲ್ಲಿ ಪೂರ್ತಿ ಸೋತಿದ್ದರು, ಹಾಗಾಗಿ ಕಟಕಟೆಗೆ ತರಲು ಸಾಧ್ಯವಾಯಿತು. ದಕ್ಷಿಣ ಆಫ್ರಿಕಾದಲ್ಲಿ ಎರಡೂ ಕಡೆಯವರು ಮೇಜಿನ ಸುತ್ತ ಕೂತು ಮಾತಾಡಿ ಅಧಿಕಾರ ಕೈ ಬದಲಾಯಿಸಿತು. ಕ್ಷಮಾದಾನದ ಭರವಸೆ ಇಲ್ಲದಿದ್ದರೆ ಆ ಮಾತುಕತೆ ಎಲ್ಲಿ ಮುರಿಯುತ್ತಿತ್ತೋ.

ಆದರೆ ಅದನ್ನೆಲ್ಲ ನಾವು ಬರೆಯುವ ರೀತಿ ನೋಡು. 'ಶಾಂತಿಗೆ ತೆತ್ತ ಬೆಲೆ' ಅಂತ ಒಂದೇ ಸಾಲಿನಲ್ಲಿ ಮುಗಿಸುತ್ತೇವೆ. ತೆತ್ತವರು ಯಾರು? ರಾಜಿ ಅಂದ ಕೂಡಲೇ ನಮ್ಮ ಕಿವಿಗೇ ಗೊತ್ತಾಗುತ್ತದೆ, ಯಾರೋ ಒಬ್ಬರು ಏನನ್ನೋ ನುಂಗಿಕೊಂಡಿದ್ದಾರೆ ಅಂತ. ಸಾಮರಸ್ಯ ಅಂದುಬಿಟ್ಟರೆ ಅದು ಕೇಳಿಸುವುದೇ ಇಲ್ಲ. ಸೋತ ಮೇಲೂ, ನೊಂದ ಮೇಲೂ, ದೊಡ್ಡ ಮನಸ್ಸು ಮಾಡುವ ಕೆಲಸ ಮತ್ತೆ ನೊಂದವರ ಪಾಲಿಗೇ ಬರುತ್ತದೆ. ಮಾಡದಿದ್ದರೆ ಅವರಿಗೆ ಹಟಮಾರಿ ಅನ್ನುವ ಹೆಸರು ಬೇರೆ. ಇದನ್ನೇ ನೀನು ಹನ್ನೊಂದು ವರ್ಷದ ಹಿಂದೆ ಹೇಳಿದ್ದೆ.

ಹೌದು, ನಿನ್ನ ಮೂರನೇ ಅಧ್ಯಾಯ. ಕ್ಷಮಿಸದೆ ಇರುವ ಹಕ್ಕು. ನೀನು ಮಂಡಿಸಿ ಮುಗಿಸುತ್ತಿದ್ದ ಹಾಗೆ ನಾನು ಎದ್ದು ನಿಂತು, "ಇದು ಸಂಕಟ, ಸಂಶೋಧನೆ ಅಲ್ಲ" ಅಂದೆ. ಎಲ್ಲರೂ ನಕ್ಕರು. ನೀನು ಹಾಳೆಗಳನ್ನು ಒಟ್ಟು ಮಾಡಿ, ಮೇಜಿಗೆ ಕುಟ್ಟಿ ಅಂಚು ಸರಿ ಮಾಡಿದೆ. ಸರಿಯಾಗಿದ್ದ ಅಂಚನ್ನೇ ಮತ್ತೆ ಮತ್ತೆ ಸರಿ ಮಾಡಿದೆ. ಪುಸ್ತಕ ಬಂದಾಗ ಆ ಅಧ್ಯಾಯ ಅದರಲ್ಲಿ ಇರಲಿಲ್ಲ.

ನೀನು ಅದನ್ನು ಯಾಕೆ ಬರೆದಿದ್ದೆ ಅಂತ ನನಗೆ ಗೊತ್ತಿತ್ತು ಕಣೋ. ಗೊತ್ತಿದ್ದೂ ಹಾಗಂದೆ. ನಿನ್ನ ಪ್ರಶ್ನೆ ನಿಂತಿದ್ದರೆ ನನ್ನ ಪ್ರಬಂಧ ನಿಲ್ಲುತ್ತಿರಲಿಲ್ಲ. ಇಷ್ಟೇ ಕಾರಣ. ಈ ಸಂಗತಿಯನ್ನು ನನ್ನ ಹೆಂಡತಿಗೆ ಹೇಳಿದ್ದೇನೆ, ಇಬ್ಬರು ಸಹೋದ್ಯೋಗಿಗಳಿಗೆ ಹೇಳಿದ್ದೇನೆ. ಪ್ರತಿಸಲವೂ ಮನಸ್ಸು ಹಗುರಾಗಿದೆ. ನಿನಗೆ ಮಾತ್ರ ಹೇಳಿರಲಿಲ್ಲ. ಆ ಹುಡುಗಿಯ ಮಾತು ತಾಗಿದ್ದು ಅದಕ್ಕೇ.

ಅವತ್ತು ತುಂಬಿದ ಸಭೆಯಲ್ಲಿ ಅಂದ ಮಾತು. ಅದಕ್ಕೇ ಇವತ್ತು ಎಲ್ಲರೆದುರು ಹೇಳುತ್ತಿದ್ದೇನೆ: ನಾನು ಮಾಡಿದ್ದು ತಪ್ಪು. ನೀನು ಕ್ಷಮಿಸಬೇಕು ಅಂತ ಕೇಳುತ್ತಿಲ್ಲ. ಉತ್ತರ ಬರೆಯಬೇಕು ಅಂತಲೂ ಇಲ್ಲ. ಆ ಅಧ್ಯಾಯದ ಪ್ರತಿ ನಿನ್ನ ಹತ್ತಿರ ಇನ್ನೂ ಇದ್ದರೆ, ಕೊಡಬೇಕು ಅನ್ನಿಸಿದರೆ, ನನ್ನ ಕ್ಲಾಸಿನ ಮಕ್ಕಳಿಗೆ ಈ ವರ್ಷವೇ ಓದಿಸುತ್ತೇನೆ.

ಇಷ್ಟೆಲ್ಲ ಬರೆಯಬೇಕು ಅಂತ ಕೂತಿರಲಿಲ್ಲ, ಜಾಸ್ತಿಯೇ ಆಯ್ತು. ಶಾಂತಿ ಒಪ್ಪಂದದ ಫೋಟೋ ಕಂಡಾಗಲೆಲ್ಲ ನೀನು "ಧೃತರಾಷ್ಟ್ರ ಅಪ್ಪಿಕೊಂಡ ಉಕ್ಕಿನ ಭೀಮ ಎಲ್ಲಿ?" ಅಂತ ಕೇಳುತ್ತಿದ್ದ ಪ್ರಶ್ನೆಯನ್ನು ನಾನೂ ಈಗ ಕ್ಲಾಸಿನಲ್ಲಿ ಕೇಳುತ್ತೇನೆ, ಹುಡುಗರು ಬಿದ್ದು ಬಿದ್ದು ನಗುತ್ತಾರೆ. ಮಾರ್ಚಿನಲ್ಲಿ ಬರುತ್ತೀಯಲ್ಲ? ಬಾ. ಬೇಕಿದ್ದರೆ ಉಕ್ಕಿನ ಭೀಮನನ್ನೂ ಜೊತೆಗೆ ಕರೆದುಕೊಂಡು ಬಾ.

ನಿನ್ನ,
ಹಿಂದಿನ ಬೆಂಚಿನವನು