ಕೈ ಬಿಡದ ಹುಡುಗ: ಮಂಜನಿಗೊಂದು ಪತ್ರ

ಪ್ರೀತಿಯ ಮಂಜ,

ನಿನ್ನ ವಾಯ್ಸ್ ಮೆಸೇಜು ಮೂರು ಸಲ ಕೇಳಿದೆ. "ಮಗಳು ಬೌಲಿಂಗ್ ಹಾಕು ಅಂತ ಹಠ ಹಿಡಿದಳು, ಗೇಟಿನ ಮುಂದೆ ಟೆನಿಸ್ ಬಾಲ್ ಹಿಡಿದು ನಿಂತೆ, ಬೆರಳು ಬಿಡಲಿಲ್ಲ, ಬೆನ್ನುನೋವು ಅಂತ ಸುಳ್ಳು ಹೇಳಿ ಒಳಗೆ ಬಂದೆ." ಇಷ್ಟು ಹೇಳಿ ಕೊನೆಗೆ ನಕ್ಕೆಯಲ್ಲ, ಆ ನಗು ನನಗೆ ಚೆನ್ನಾಗಿ ಗೊತ್ತು. ಅದಕ್ಕೇ ಫೋನ್ ಮಾಡದೆ ಬರೆಯುತ್ತಿದ್ದೇನೆ. ಎಲ್ಲರೂ ಓದುವ ಹಾಗೆ ಹಾಕು ಅಂತ ನೀನೇ ಒಪ್ಪಿದೆ. ಹೆಸರು ಮಾತ್ರ ಬದಲಿಸಿದ್ದೇನೆ.

ಈ ಪತ್ರ ಡಾರ್ಟ್ಸ್ (ಗೋಡೆಯ ಬೋರ್ಡಿಗೆ ಪುಟ್ಟ ಬಾಣ ಎಸೆಯುವ ಆಟ) ಆಡುವ ಒಬ್ಬ ಡಚ್ ಹುಡುಗನ ಬಗ್ಗೆ. ನಗಬೇಡ, ಪೂರ್ತಿ ಓದು.

ಮೊದಲು ಆ ಭಾನುವಾರದ ವಿಷಯ. ದಾವಣಗೆರೆ, ಹೈಸ್ಕೂಲ್ ಮೈದಾನ, ನಮ್ಮ ಏರಿಯಾ ಟೂರ್ನಮೆಂಟಿನ ಸೆಮಿಫೈನಲ್, ಕೊನೆಯ ಓವರ್. ಆರು ವರ್ಷದಿಂದ ಕಣ್ಣು ಮುಚ್ಚಿಕೊಂಡು ಎಡಗೈ ಸ್ಪಿನ್ ಹಾಕುತ್ತಿದ್ದವನು ನೀನು. ಅವತ್ತು ಒಂದು ಬಾಲ್ ನಿನ್ನ ಕಾಲ ಬುಡದಲ್ಲೇ ಬಿತ್ತು. ಮುಂದಿನದು ಕೀಪರ್ ತಲೆ ಮೇಲೆ ಹೋಯಿತು. ಆಮೇಲೆ ವೈಡ್ ಮೇಲೆ ವೈಡ್. ನಂತರದ ಭಾನುವಾರ ಓಡಿ ಬಂದು, ಕೈ ಎತ್ತಿ, ಹಾಗೇ ನಿಂತುಬಿಟ್ಟೆ. ಬಾಲ್ ಕೈಯಲ್ಲೇ ಇತ್ತು. ನಿಮ್ಮ ಅಮ್ಮ ಮೆಣಸಿನಕಾಯಿ ಇಳಿ ತೆಗೆದು ದೃಷ್ಟಿ ತೆಗೆದರು. ಯಾರೋ ಆಂಜನೇಯನಿಗೆ ಎಲೆಪೂಜೆ ಮಾಡಿಸು ಅಂದರು. ನಾನೇನಂದೆ, ನೆನಪಿದೆಯಾ? "ಸುಮ್ನೆ ನಾಟಕ ಮಾಡ್ಬೇಡ ಕಣೋ" ಅಂದೆ. ಎಲ್ಲರೆದುರು ಅಂದೆ. ಅದಾದ ಮೇಲೆ ನೀನು ಬೌಲಿಂಗೇ ಬಿಟ್ಟೆ.

ಅದು ನಾಟಕ ಅಲ್ಲ ಅಂತ ನನಗೆ ಗೊತ್ತಾಗಲು ಇಷ್ಟು ವರ್ಷ ಬೇಕಾಯಿತು. ಗೊತ್ತಾಗಿದ್ದು ಇಲ್ಲಿ, ನೆದರ್ಲೆಂಡ್ಸಿನ ಐಂಡ್‌ಹೋವನ್‌ನಲ್ಲಿ, ಪಕ್ಕದ ಮನೆಯ ರಿಟೈರ್ಡ್ ಅಜ್ಜನ ಟಿವಿ ಮುಂದೆ.

ಈ ದೇಶಕ್ಕೆ ಬಂದ ಹೊಸದರಲ್ಲಿ ಡಾರ್ಟ್ಸ್ ಅಂದರೆ ಜಾತ್ರೆಯಲ್ಲಿ ಏರ್‌ಗನ್ನಿಂದ ಬಲೂನು ಒಡೆಯೋ ಥರದ್ದು ಅಂದುಕೊಂಡಿದ್ದೆ. ಇಲ್ಲಿ ಅದರ ಕತೆಯೇ ಬೇರೆ. ಹೇಗ್ ಊರಿನಲ್ಲಿ ಪೋಸ್ಟ್‌ಮ್ಯಾನ್ ಆಗಿದ್ದ ರೇಮಂಡ್ ವಾನ್ ಬಾರ್ನೆವೆಲ್ಡ್ 1998ರಲ್ಲಿ ವಿಶ್ವ ಚಾಂಪಿಯನ್ ಆದ. ಒಟ್ಟು ಐದು ಸಲ ಗೆದ್ದ. ಆಮೇಲೆ ಮೈಕೆಲ್ ವಾನ್ ಗೆರ್ವೆನ್ ಬಂದು 2014, 2017, 2019ರಲ್ಲಿ ಗೆದ್ದ. ಹಾಗಾಗಿ ಡಿಸೆಂಬರ್ ಬಂತೆಂದರೆ ಅಜ್ಜನ ಮನೆಯಲ್ಲಿ ಟಿವಿ ಆರುವುದೇ ಇಲ್ಲ. ಲಂಡನ್ನಿನ ಅಲೆಕ್ಸಾಂಡ್ರಾ ಪ್ಯಾಲೇಸಿನಲ್ಲಿ ವಿಶ್ವ ಚಾಂಪಿಯನ್‌ಶಿಪ್ ನಡೆಯುತ್ತಿರುತ್ತದೆ. ಜನ ವೇಷ ಹಾಕಿಕೊಂಡು, ಬಿಯರ್ ಕುಡಿದು, ಹಾಡಿಕೊಂಡು ನೋಡುತ್ತಾರೆ. ನಮ್ಮ ದುಗ್ಗಮ್ಮನ ಜಾತ್ರೆಗೆ ಛಾವಣಿ ಹಾಕಿಸಿದರೆ ಹೇಗಿರುತ್ತೋ ಹಾಗೆ.

ಆಟ ತಿಳಿಯಲು ಕಷ್ಟವಿಲ್ಲ. ಬೋರ್ಡಿನ ನಡುಮಧ್ಯ ನೆಲದಿಂದ 1.73 ಮೀಟರ್ ಎತ್ತರದಲ್ಲಿರುತ್ತದೆ. 2.37 ಮೀಟರ್ ದೂರದ ಗೆರೆ ಹಿಂದೆ ನಿಲ್ಲಬೇಕು. ಆ ಗೆರೆಗೆ ಇವರು 'ಓಕಿ' ಅನ್ನುತ್ತಾರೆ. 501ರಿಂದ ಶುರು. ಒಂದು ಸರದಿಗೆ ಮೂರು ಡಾರ್ಟ್, ಹೊಡೆದಷ್ಟು ಕಳೆಯುತ್ತಾ ಹೋಗಬೇಕು, ಸರಿಯಾಗಿ ಸೊನ್ನೆಗೆ ಮುಟ್ಟಿಸಬೇಕು. ಅದಕ್ಕಿಂತ ಮುಖ್ಯ, ಕೊನೆಯ ಡಾರ್ಟು ಡಬಲ್‌ಗೇ ಬೀಳಬೇಕು. ಡಬಲ್ ಅಂದರೆ ಹೊರಗಿನ ಸಣ್ಣ ಬಳೆ, ಅಗಲ ಬರೀ 8 ಮಿಲಿಮೀಟರ್. ನಡುವಿನ ಕಣ್ಣಿಗೆ 50. ಹೆಚ್ಚು ಅಂಕ ಬರುವುದು ಅಲ್ಲಲ್ಲ, ಟ್ರೆಬಲ್ 20ರಲ್ಲಿ, ಅಂದರೆ 20ಕ್ಕೆ ಮೂರು ಪಟ್ಟು ಕೊಡುವ ಸಣ್ಣ ಪಟ್ಟಿಯಲ್ಲಿ. ಅಲ್ಲಿಗೆ ಬಿದ್ದರೆ 60. ಮೂರೂ ಬಿದ್ದರೆ 180, ಇಡೀ ಹಾಲ್ ಎದ್ದು ಕುಣಿಯುತ್ತದೆ. ಆದರೆ 20ರ ಆ ಕಡೆ 5, ಈ ಕಡೆ 1 ಇವೆ. ದುರಾಸೆ ಪಟ್ಟು ಸ್ವಲ್ಪ ಜಾರಿದರೆ ಒಂದೇ ಒಂದು ಅಂಕ. ಈ ಬೋರ್ಡು ಮಾಡಿದವನು ಯಾರೋ ಗೊತ್ತಿಲ್ಲ, ಸರಿಯಾದ ಕಿಲಾಡಿ.

2025ರ ಡಿಸೆಂಬರಿನಲ್ಲಿ ಅಜ್ಜ ನನ್ನ ಮೇಲೆ ಸ್ವಲ್ಪ ಸಿಟ್ಟಾಗಿದ್ದರು. ಭಾರತದ ನಿತಿನ್ ಕುಮಾರ್ ಮೊದಲ ಸುತ್ತಿನಲ್ಲಿ ಡಚ್ಚರ ರಿಚರ್ಡ್ ವೀನ್‌ಸ್ಟ್ರಾನನ್ನು 3–2ರಿಂದ ಸೋಲಿಸಿದ್ದ. ಆ ವೇದಿಕೆಯಲ್ಲಿ ಪಂದ್ಯ ಗೆದ್ದ ಮೊದಲ ಭಾರತೀಯ ಅವನು. ನಾನು ಹೋಗಿ ಒಂದು ಡಬ್ಬಿ ಮೈಸೂರುಪಾಕು ಕೊಟ್ಟೆ. ಅಜ್ಜ ತಿಂದರು, ಅಭಿನಂದನೆ ಮಾತ್ರ ಹೇಳಲಿಲ್ಲ. "ತಾಳು, ನಮ್ಮ ಹುಡುಗ ಇನ್ನೂ ಇದ್ದಾನೆ" ಅಂದರು.

ಆ ಹುಡುಗನೇ ಜಿಯಾನ್ ವಾನ್ ವೀನ್. ಇಲ್ಲಿಯವರ ಬಾಯಲ್ಲಿ ಅದು ಹೆಚ್ಚೂಕಡಿಮೆ 'ಫಾನ್ ಫೇನ್'. ಹುಟ್ಟಿದ್ದು 2002ರಲ್ಲಿ. ವಿಮಾನ ಎಂಜಿನಿಯರಿಂಗ್ ಓದಲು ಹೋದವನು. ನೋಡಲು ನಮ್ಮ ಬಿಐಇಟಿ ಕಾಲೇಜಿನ ಬಸ್‌ಸ್ಟಾಪಲ್ಲಿ ನಿಂತ ಹುಡುಗನ ಥರ, ಕನ್ನಡಕ, ಸಂಕೋಚದ ಮುಖ. ಎದುರಾಳಿ ಚೆನ್ನಾಗಿ ಹೊಡೆದರೆ ತಾನೇ ತಲೆಯಾಡಿಸುತ್ತಾನೆ.

ಅವನು ಎಸೆಯಲು ನಿಂತಾಗ ಅಜ್ಜ ನನ್ನ ಮೊಣಕೈ ತಿವಿದರು. "ಕೈ ನೋಡು" ಅಂದರು.

ನೋಡಿದೆ. ಬೇರೆಯವರ ಕೈ ಹಿಂದೆ ಬಂದು, ಮುಂದೆ ಹೋಗಿ, ಬಿಟ್ಟುಬಿಡುತ್ತದೆ. ಇವನ ಕೈ ಒಂಚೂರು ಅನುಮಾನಿಸುತ್ತದೆ. ಹೊಸ್ತಿಲಲ್ಲಿ ನಿಂತು ಒಳಗೆ ಹೋಗಲೋ ಬೇಡವೋ ಅನ್ನುವವರ ಥರ. ಆಮೇಲೆ ಡಾರ್ಟ್ ಹೋಗುತ್ತದೆ, ಹೋಗಿ ಟ್ರೆಬಲ್ 20ರಲ್ಲಿ ಕೂರುತ್ತದೆ. "ಈ ಹುಡುಗನಿಗೆ ಒಂದು ಕಾಲದಲ್ಲಿ ಡಾರ್ಟೇ ಬಿಡಕ್ಕಾಗುತ್ತಿರಲಿಲ್ಲ" ಅಂದರು ಅಜ್ಜ. "ಬೆರಳು ಬಿಚ್ಚುತ್ತಿರಲಿಲ್ಲ."

ಮಂಜ, ನನಗೆ ಆ ಕ್ಷಣ ಕಂಡಿದ್ದು ಲಂಡನ್ ಅಲ್ಲ, ಹೈಸ್ಕೂಲ್ ಮೈದಾನ.

ಅದಕ್ಕೆ ಹೆಸರೇ ಇದೆ ಕಣೋ. 'ಡಾರ್ಟೈಟಿಸ್' ಅನ್ನುತ್ತಾರೆ. ಡಿಕ್ಷನರಿಗೂ ಸೇರಿದೆ. ಒಂದು ಡಾರ್ಟಿನ ತೂಕ ಇಪ್ಪತ್ತು ಗ್ರಾಂ ಆಸುಪಾಸು, ಎರಡು ಚಾಕಲೇಟಿನಷ್ಟು. ಸಾವಿರಾರು ಸಲ ಎಸೆದ ಕೈಗೆ ಒಂದು ದಿನ ಅಷ್ಟನ್ನೂ ಬಿಡಲಾಗುವುದಿಲ್ಲ. ನೋವಿಲ್ಲ, ಊತವಿಲ್ಲ. ಎಡವಟ್ಟು ಆಗುವುದು ತಲೆಗೂ ಕೈಗೂ ನಡುವೆ ಎಲ್ಲೋ. ಗಾಲ್ಫ್ ಆಡುವವರಿಗೂ ಹೀಗೆ ಆಗುತ್ತದೆ. ಕ್ರಿಕೆಟ್ ಬೌಲರುಗಳಿಗೂ ಆಗುತ್ತದೆ, ಅದರಲ್ಲೂ ಸ್ಪಿನ್ ಹಾಕುವವರಿಗೆ. ಅವರು ಅದಕ್ಕೆ 'ಯಿಪ್ಸ್' ಅಂತಾರೆ. ನೀನು ಒಬ್ಬನೇ ಅಲ್ಲ.

ಇದಕ್ಕೆ ಸಿಕ್ಕವರಲ್ಲಿ ದೊಡ್ಡ ಹೆಸರು ಲಂಡನ್ನಿನ ಎರಿಕ್ ಬ್ರಿಸ್ಟೋ. ಕಿರುಬೆರಳು ಎತ್ತಿ ಡಾರ್ಟ್ ಹಿಡಿಯುತ್ತಿದ್ದ, ಬಾಯಿ ಬಲು ಜೋರು. 1980ರಿಂದ 1986ರ ನಡುವೆ ಐದು ಸಲ ವಿಶ್ವ ಚಾಂಪಿಯನ್. ಅವನ ಕೈಯೇ ಒಂದು ದಿನ ನಿಂತುಹೋಯಿತು. ಹೇಗೋ ಮತ್ತೆ ಆಡಲು ಕಲಿತ, ಫೈನಲ್‌ಗಳಿಗೂ ಬಂದ, ವಿಶ್ವ ಚಾಂಪಿಯನ್ ಮಾತ್ರ ಮತ್ತೆ ಆಗಲಿಲ್ಲ. 1990ರ ಫೈನಲ್ಲಿನಲ್ಲಿ ಅವನನ್ನು 6–1ರಿಂದ ಸೋಲಿಸಿದವನು ಫಿಲ್ ಟೇಲರ್. ಟೇಲರ್‌ಗೆ ಆಟಕ್ಕೆ ಇಳಿಯಲು ದುಡ್ಡು ಕೊಟ್ಟು ಬೆಳೆಸಿದವನು ಇದೇ ಬ್ರಿಸ್ಟೋ! ಆ ಟೇಲರ್ ಆಮೇಲೆ ಒಟ್ಟು 16 ಸಲ ಚಾಂಪಿಯನ್ ಆದ.

ವಾನ್ ವೀನ್‌ಗೆ ಈ ಕಾಟ ವೃತ್ತಿಗೆ ಇಳಿಯುವ ಮೊದಲೇ ಅಂಟಿಕೊಂಡಿತ್ತು. ಐದು ಕಿರೀಟ ಗೆದ್ದ ಮೇಲೆ ಬಂದಿದ್ದರೆ ಬೇರೆ ಮಾತು. ಇನ್ನೂ ಹೆಸರೇ ಇಲ್ಲದವನಿಗೆ ಬಂದರೆ ಯಾರು ಕೇಳುತ್ತಾರೆ? ಎಂಜಿನಿಯರಿಂಗ್ ಓದು ಕೈಯಲ್ಲಿತ್ತು, ಆಟ ಬಿಟ್ಟಿದ್ದರೂ ಯಾರೂ ಏನೂ ಅನ್ನುತ್ತಿರಲಿಲ್ಲ. ನಾನಾಗಿದ್ದರೆ ಬಿಡುತ್ತಿದ್ದೆ.

ಈ ವೃತ್ತಿಯೂ ಸುಲಭದ್ದಲ್ಲ. ವೃತ್ತಿಪರ ಡಾರ್ಟ್ಸ್ ನಡೆಸುವ ಪಿಡಿಸಿ ಅಂತ ಸಂಸ್ಥೆ, ಅಲ್ಲಿ ವೃತ್ತಿಯಾಗಿ ಆಡಲು ಬೇಕಾದ ಟೂರ್ ಕಾರ್ಡ್ ಇರುವುದು 128 ಜನಕ್ಕೆ ಮಾತ್ರ. ಸಂಬಳ ಗಿಂಬಳ ಇಲ್ಲ. ಎರಡು ವರ್ಷದಲ್ಲಿ ಗೆದ್ದ ಬಹುಮಾನದ ದುಡ್ಡನ್ನು ಕೂಡಿದರೆ ಬರುವುದೇ ರ‍್ಯಾಂಕಿಂಗ್. ಟಿವಿಯಲ್ಲಿ ಕಾಣುವ ಬೆಳಕು, ಹಾಡು ಎಲ್ಲ ವರ್ಷದಲ್ಲಿ ಕೆಲವೇ ವಾರ. ಉಳಿದಂತೆ ಇಂಗ್ಲೆಂಡಿನ ವಿಗನ್, ಲೆಸ್ಟರ್, ಜರ್ಮನಿಯ ಹಿಲ್ಡೆಸ್‌ಹೈಮ್ ಅಂತ ಊರುಗಳ ಹಾಲ್‌ಗಳಲ್ಲಿ, ಸಾಲಾಗಿ ನೇತುಹಾಕಿದ ಬೋರ್ಡುಗಳ ಮುಂದೆ, ಪ್ರೇಕ್ಷಕರೇ ಇಲ್ಲದೆ ಆಟ. ಬೆಳಿಗ್ಗೆ ಮೊದಲ ಸುತ್ತಿನಲ್ಲಿ ಸೋತರೆ ಬರಿಗೈಲಿ ಮನೆ ಕಡೆ. ಓಡಾಟದ ಖರ್ಚು ತಲೆಯ ಮೇಲೆ. ಕೈ ಅನುಮಾನಿಸುವ ಹುಡುಗ ಇಂಥ ಕಡೆ ವರ್ಷಗಟ್ಟಲೆ ನಿಂತ.

2023ರ ನವೆಂಬರಿನಲ್ಲಿ ವಿಶ್ವ ಯೂತ್ ಫೈನಲ್‌ಗೆ ಬಂದ. ಎದುರಿಗೆ 16 ವರ್ಷದ ಲ್ಯೂಕ್ ಲಿಟ್ಲರ್. 6–4ರಿಂದ ಸೋತ. ಮುಂದಿನ ಕೆಲವೇ ವಾರದಲ್ಲಿ ಆ ಲಿಟ್ಲರ್ ವಿಶ್ವ ಚಾಂಪಿಯನ್‌ಶಿಪ್ ಫೈನಲ್ ತಲುಪಿ ಲೋಕಪ್ರಸಿದ್ಧನಾದ, ಅದರ ಮುಂದಿನ ಸಲ 17ಕ್ಕೇ ಚಾಂಪಿಯನ್ ಆದ. ನಮ್ಮ ಹುಡುಗ? ಅದೇ ವಿಶ್ವ ಚಾಂಪಿಯನ್‌ಶಿಪ್‌ಗೆ ಎರಡು ವರ್ಷ ಹೋಗಿ ಒಂದೂ ಪಂದ್ಯ ಗೆಲ್ಲದೆ ವಾಪಸ್ ಬಂದ. ತನಗಿಂತ ಐದು ವರ್ಷ ಚಿಕ್ಕವನ ಪಕ್ಕ ಇವನನ್ನು ಇಟ್ಟು ನೋಡದವರಿಲ್ಲ. ನಮ್ಮನೇಲಿ ದೊಡ್ಡಪ್ಪನ ಮಗನ ಮಾರ್ಕ್ಸ್ ಕಾರ್ಡ್ ತಂದು ನನ್ನದರ ಪಕ್ಕ ಇಡುತ್ತಿದ್ದರಲ್ಲ, ಹಾಗೆ.

2025ರ ಅಕ್ಟೋಬರಿನಲ್ಲಿ ಜರ್ಮನಿಯ ಡಾರ್ಟ್‌ಮುಂಡ್‌ನಲ್ಲಿ ಯುರೋಪಿಯನ್ ಚಾಂಪಿಯನ್‌ಶಿಪ್ ಫೈನಲ್ ಇತ್ತು. ಎದುರಾಳಿ 2024ರ ವಿಶ್ವ ಚಾಂಪಿಯನ್ ಲ್ಯೂಕ್ ಹಂಫ್ರೀಸ್. 10–10 ಆಯಿತು. ಉಳಿದದ್ದು ಒಂದೇ ಲೆಗ್, ಅಂದರೆ 501ರಿಂದ ಸೊನ್ನೆವರೆಗಿನ ಒಂದು ಆಟ. ಅಲ್ಲಿ ಕೈ ಹಿಡಿದುಕೊಂಡರೆ ಮುಗಿಯಿತು. ವಾನ್ ವೀನ್ 11–10ರಿಂದ ಗೆದ್ದ, ಅವನ ಮೊದಲ ದೊಡ್ಡ ಕಿರೀಟ. ತಿಂಗಳು ಕಳೆದು ವಿಶ್ವ ಯೂತ್ ಫೈನಲ್, ಎದುರಿಗೆ ಬೋ ಗ್ರೀವ್ಸ್. ಮಹಿಳೆಯರಲ್ಲಿ ಅವಳಿಗೆ ಸರಿಸಾಟಿ ಇಲ್ಲ, ಆ ಸಲ ಸೆಮಿಫೈನಲ್‌ನಲ್ಲಿ ಲಿಟ್ಲರ್‌ನನ್ನೇ ಹೊರಗೆ ಹಾಕಿ ಬಂದಿದ್ದಳು. ಅದೂ ಕೊನೆಯ ಲೆಗ್‌ವರೆಗೆ ಎಳೆಯಿತು. 6–5, ಮತ್ತೆ ಇವನದೇ. ಬಿಡಲಾರದ ಕೈ ಎರಡು ಸಲ ಕೊನೇ ಲೆಗ್‌ನಲ್ಲಿ ಬಿಟ್ಟಿತು. ನನಗೆ ಅವನ ಇಡೀ ಕತೆಯಲ್ಲಿ ಇಷ್ಟವಾಗುವುದು ಇದೇ ಭಾಗ. ಮುಂದಿನದೆಲ್ಲ ಪತ್ರಿಕೆಯವರಿಗೆ ಬೇಕಾದದ್ದು.

ಆದರೂ ಹೇಳದೆ ಇರಲಾರೆ. ಹೊಸ ವರ್ಷದ ದಿನ ಅಜ್ಜನ ಮನೆಯಲ್ಲಿ 'ಒಲಿಬೊಲ್ಲೆನ್' ಕರಿದಿದ್ದರು. ಬೋಂಡಾಕ್ಕೆ ಒಣದ್ರಾಕ್ಷಿ ಹಾಕಿ ಮೇಲೆ ಸಕ್ಕರೆಪುಡಿ ಉದುರಿಸಿದಂತೆ. ಕ್ವಾರ್ಟರ್ ಫೈನಲ್‌ನಲ್ಲಿ ವಾನ್ ವೀನ್ ಹಂಫ್ರೀಸ್‌ನನ್ನು 5–1ರಿಂದ ಉರುಳಿಸಿದ. ಮರುದಿನ ಸೆಮಿಫೈನಲ್, ಗ್ಯಾರಿ ಆಂಡರ್ಸನ್ ಜೊತೆ. ಸ್ಕಾಟ್ಲೆಂಡಿನ ಆ ಮನುಷ್ಯನಿಗೆ 55 ವರ್ಷ, ಎರಡು ಸಲದ ಚಾಂಪಿಯನ್, ಎಸೆತ ನೀರು ಹರಿದಂತೆ. ಒಬ್ಬನದು ಹರಿಯುವ ಕೈ, ಇನ್ನೊಬ್ಬನದು ತಡವರಿಸುವ ಕೈ. ಇಬ್ಬರೂ ಒಬ್ಬರ ಮೇಲೊಬ್ಬರು 180 ಹೊಡೆಯುತ್ತಿದ್ದರು. ಅಜ್ಜ ಕೈಲಿದ್ದ ಬೊಲ್ಲೆನ್ ತಿನ್ನುವುದನ್ನೇ ಮರೆತಿದ್ದರು. 6–3, ತಡವರಿಸುವ ಕೈಗೆ.

ಫೈನಲ್ 2026ರ ಜನವರಿ 3ಕ್ಕೆ. ಎದುರಿಗೆ ಅದೇ ಲಿಟ್ಲರ್. ವಾನ್ ವೀನ್ ಮೊದಲ ಸೆಟ್ (ಕೆಲವು ಲೆಗ್ ಸೇರಿದರೆ ಒಂದು ಸೆಟ್) ಗೆದ್ದ, ಬೀದಿಯಲ್ಲಿ ಯಾರೋ ಪಟಾಕಿ ಹೊಡೆದರು. ಆಮೇಲೆ ಲಿಟ್ಲರ್ ಸಾಲಾಗಿ ಏಳು ಸೆಟ್ ತೆಗೆದುಕೊಂಡ. 7–1. ಕೈ ಹಿಡಿದುಕೊಂಡಿದ್ದಕ್ಕೆ ಸೋತಿದ್ದಲ್ಲ. ಎದುರಿಗಿದ್ದವನು ಹಾಗೆ ಆಡಿದ, ಅಷ್ಟೇ. ಅವನಿಗೆ 10 ಲಕ್ಷ ಪೌಂಡ್, ಇವನಿಗೆ 4 ಲಕ್ಷ. ಜೊತೆಗೆ ವಿಶ್ವ ರ‍್ಯಾಂಕಿಂಗಿನಲ್ಲಿ ಮೂರನೇ ಸ್ಥಾನ, ವಾನ್ ಗೆರ್ವೆನ್‌ನನ್ನು ದಾಟಿ ಡಚ್ಚರಲ್ಲಿ ಮೊದಲನೆಯದು, ಎಂಟೇ ಜನ ಆಡುವ ಪ್ರೀಮಿಯರ್ ಲೀಗ್‌ಗೆ ಕರೆ. ಅಜ್ಜ ಟಿವಿ ಆರಿಸಿ, "ಸರಿ, ಮಲಗೋಣ" ಅಂದರು.

ನಾನು ಮನೆಗೆ ಬಂದು ಮಲಗಲಿಲ್ಲ. ನಿನ್ನ ನಂಬರು ತೆಗೆದೆ, ದಾವಣಗೆರೆಯಲ್ಲಿ ಇನ್ನೂ ಬೆಳಗಾಗಿರಲಿಲ್ಲ, ಇಟ್ಟುಬಿಟ್ಟೆ. ಆಮೇಲೆ ಧೈರ್ಯ ಬರಲಿಲ್ಲ. ನಿನ್ನ ವಾಯ್ಸ್ ಮೆಸೇಜು ಬಾರದಿದ್ದರೆ ಇವತ್ತೂ ಬರೆಯುತ್ತಿರಲಿಲ್ಲವೇನೋ.

ತಪ್ಪಾಯ್ತು ಕಣೋ, ಅವತ್ತು ಹಾಗಂದಿದ್ದು.

ಈ ಹುಡುಗ ಹೇಗೆ ಸರಿಹೋದ ಅಂತ ನೀನು ಕೇಳುತ್ತೀಯ. ಪೂರ್ತಿ ಸರಿಹೋಗಿದ್ದಾನೆ ಅಂತ ನನಗೆ ಅನಿಸುವುದಿಲ್ಲ. ಟಿವಿಯಲ್ಲಿ ಹತ್ತಿರದಿಂದ ತೋರಿಸಿದಾಗ ಈಗಲೂ ಆ ಸಣ್ಣ ತಡವರಿಕೆ ಕಾಣುತ್ತದೆ. ಅದನ್ನು ಜೊತೆಗಿಟ್ಟುಕೊಂಡೇ ಎಸೆಯುತ್ತಾನೆ. ಇದರಲ್ಲಿ ನಿನಗೆ ಉಪಾಯ ಏನೂ ಇಲ್ಲ, ನನಗೆ ಗೊತ್ತು. ನಾನು ಡಾಕ್ಟರೂ ಅಲ್ಲ, ಕೋಚೂ ಅಲ್ಲ.

ಜೂನ್‌ನಲ್ಲಿ ಊರಿಗೆ ಬರುತ್ತಿದ್ದೇನೆ. ಬೋರ್ಡು ಭಾರ, ಆದರೂ ತರುತ್ತೇನೆ. ಡಾರ್ಟುಗಳನ್ನು ಚೆಕ್-ಇನ್ ಬ್ಯಾಗಿಗೆ ಹಾಕುತ್ತೇನೆ, ಜೊತೆಯಲ್ಲಿ ಇಟ್ಟುಕೊಳ್ಳಲು ಬಿಡುವುದಿಲ್ಲ. ನಿಮ್ಮ ಮಹಡಿ ರೂಮಿನ ಗೋಡೆಗೆ ಮೊಳೆ ಹೊಡೆದಿಡು, 1.73 ಮೀಟರ್, ಟೇಪು ಹಿಡಿದು ಅಳೆ, ನಿನ್ನ ಅಂದಾಜು ಬೇಡ. ಹಿಂದೆ ಹಳೇ ಹಾಸಿಗೆ ಒರಗಿಸು, ಇಲ್ಲದಿದ್ದರೆ ಸುಣ್ಣ ಉದುರುತ್ತದೆ, ನಿನ್ನ ಹೆಂಡತಿ ನನ್ನನ್ನೇ ಬಯ್ಯುತ್ತಾಳೆ. 501ರಿಂದ ಕಳೆಯುವ ಕೆಲಸ ಮಗಳಿಗೆ ಕೊಡೋಣ. ನೀನು ಎಡಗೈಲೇ ಎಸೆ. ಬೆರಳು ಬಿಚ್ಚದಿದ್ದರೆ ಹಾಗೇ ನಿಂತಿರು. ನಾನು ಖಾರ ಮಂಡಕ್ಕಿ ತಿನ್ನುತ್ತಾ ಕೂತಿರುತ್ತೇನೆ, ನನಗೇನೂ ಅರ್ಜೆಂಟಿಲ್ಲ.

ನಿನ್ನ,
ಗಿರಿ