ಅಕ್ಕ ಇನ್ನೂ ನೋಡದ ಚಿತ್ರ

ನೀರಿನ ಚಿಕಿತ್ಸೆಗೆ ಹೆಸರಾದ ಜರ್ಮನಿಯ ಪಾದ್ರಿ ಕ್ನೈಪ್ ಬಗ್ಗೆ ನಾವು ಮಾಡಿದ ಚಿತ್ರ ಹೋದ ಶನಿವಾರ ಮೊದಲ ಸಲ ತೆರೆಯ ಮೇಲೆ ಬಂತು. 40 ನಿಮಿಷದ ಚಿತ್ರಕ್ಕೆ 3 ವರ್ಷ ಯಾಕೆ ಬೇಕಾಯಿತು ಅಂತ ನಿಮಗೆಲ್ಲ ಗೊತ್ತೇ ಇದೆ. ಕ್ಯಾಮೆರಾ ಕೊಟ್ಟವರು, ಪಾದ್ರಿಯ ಕಪ್ಪು ನಿಲುವಂಗಿ ಹೊಲಿದವರು, ಕನ್ನಡ ಸಬ್‌ಟೈಟಲ್ ತಿದ್ದಿದವರು, ಕೈಯಿಂದ ದುಡ್ಡು ಹಾಕಿದವರು, ಎಲ್ಲರಿಗೂ ಕೈಮುಗಿಯುತ್ತೇನೆ.

ಆದರೆ ಇವತ್ತು ಅಕ್ಕನ ಬಗ್ಗೆ ಹೇಳಲೇಬೇಕು. ಇಲ್ಲಿ ಜರ್ಮನಿಯ ಔಗ್ಸ್‌ಬರ್ಗ್‌ನಲ್ಲಿ ನರ್ಸ್ ಆಗಿರುವ, ನಾವೆಲ್ಲ ಬರೀ ಅಕ್ಕ ಅಂತಲೇ ಕರೆಯುವ ಅಕ್ಕ.

ಸೆಬಾಸ್ಟಿಯನ್ ಕ್ನೈಪ್ ನೇಕಾರರ ಮನೆಯ ಮಗ. ಪಾದ್ರಿಯಾಗಲು ಓದುತ್ತಿದ್ದಾಗ ಶ್ವಾಸಕೋಶದ ಕಾಯಿಲೆ ಹಿಡಿಯಿತು. ನೀರಿನ ಚಿಕಿತ್ಸೆಯ ಹಳೆಯ ಪುಸ್ತಕವೊಂದನ್ನು ನಂಬಿ, 1849ರ ಚಳಿಯಲ್ಲಿ ಡಿಲಿಂಗನ್ ಹತ್ತಿರ ಡ್ಯಾನ್ಯೂಬ್ ನದಿಗೆ ಇಳಿದರು. ಈ ದೃಶ್ಯ ಬೇಕೇ ಬೇಕು ಅಂತ ನನಗೆ ಹಠ. ನವೆಂಬರ್ ಸಂಜೆ ನಮ್ಮ ನಟನನ್ನು ಅದೇ ನದಿಗೆ ಇಳಿಸಿದೆ. ಬೆಳಕು ಸರಿ ಬರಲಿಲ್ಲ. ಇನ್ನೊಂದು ಸಲ ಅಂದೆ. ಮತ್ತೂ ಒಂದು ಸಲ ಅಂದೆ. ಅಷ್ಟೂ ಹೊತ್ತು ಹುಡುಗ ಒದ್ದೆ ಬಟ್ಟೆಯಲ್ಲೇ ದಡದಲ್ಲಿ ನಿಂತಿದ್ದ. ನಾಲ್ಕನೇ ಸಲ ಕೇಳಿದಾಗ ಅಕ್ಕ ಅಡ್ಡ ಬಂದು ನಿಂತರು.

"ಸಾಕು ಕಣೋ. ಕ್ನೈಪ್ ಓಡಿ ಮೈ ಬಿಸಿ ಮಾಡ್ಕೊಂಡು ಮುಳುಗ್ತಿದ್ರು, ಎದ್ದು ಓಡಿಕೊಂಡೇ ವಾಪಸ್ ಹೋಗ್ತಿದ್ರು. ನೀನೇ ಅಲ್ವಾ ನನಗೆ ಓದಿ ಹೇಳಿದ್ದು?"

ಹುಡುಗನ ನಾಲಗೆ ತೊದಲುತ್ತಿತ್ತು. ಆಸ್ಪತ್ರೆಗೆ ಕಾರು ಓಡಿಸಿದ್ದು ಅಕ್ಕ. ಅವನ ಅಮ್ಮನಿಗೆ ಫೋನ್ ಮಾಡಲು ನನಗೆ ಧೈರ್ಯ ಬರಲಿಲ್ಲ, ಅದನ್ನೂ ಅವರೇ ಮಾಡಿದರು. ರಾತ್ರಿಯಿಡೀ ಕೂತರು. ಬೆಳಗಿನ ಜಾವ ನಾನು ಅತ್ತುಬಿಟ್ಟೆ. ಕಾಯಿಲೆ ವಾಸಿ ಮಾಡಿದವರ ಕಥೆ ಹೇಳಲು ಹೋಗಿ ಒಬ್ಬನ ಜೀವ ತೆಗೆಯುತ್ತಿದ್ದೆನಲ್ಲ. ಅಕ್ಕ ಸಮಾಧಾನ ಹೇಳಲಿಲ್ಲ. "ಅವನು ಕಣ್ಣು ಬಿಟ್ಟಾಗ ನೀನು ಎದುರಿಗಿರು" ಅಂದು, ಫ್ಲಾಸ್ಕಿನ ಟೀ ನನ್ನ ಕೈಗಿಟ್ಟು, ಅಲ್ಲಿಂದಲೇ ಡ್ಯೂಟಿಗೆ ಹೋದರು.

ಅವನು ಕಣ್ಣು ಬಿಟ್ಟಾಗ ಎದುರಿಗಿದ್ದೆ. ಕ್ಷಮೆ ಕೇಳಿದೆ.

ಮರುವರ್ಷ ಅವನೇ ಬಂದು, ಆ ದೃಶ್ಯ ಮುಗಿಸೋಣ ಅಂದ. ಈ ಸಲ ದಡದುದ್ದಕ್ಕೂ ಓಡಿದ, ಒಂದೇ ಒಂದು ಸಲ ಮುಳುಗಿ ಎದ್ದ, ಮತ್ತೆ ಓಡಿದ. ದಡದಲ್ಲಿ ಕಂಬಳಿ ಹಿಡಿದು ನಿಂತವರು ಅಕ್ಕ. ಶನಿವಾರ ಜಾಸ್ತಿ ಜನ ಕೇಳಿದ್ದು ಆ ಓಟದ ಬಗ್ಗೆಯೇ.

ಅಕ್ಕ ಇನ್ನೂ ಚಿತ್ರ ನೋಡಿಲ್ಲ, ಅವತ್ತು ನೈಟ್ ಡ್ಯೂಟಿ ಇತ್ತು. ಈ ಭಾನುವಾರ ಲ್ಯಾಪ್‌ಟಾಪ್ ಹಿಡಿದು ಅವರ ಮನೆಗೆ ಹೋಗುತ್ತಿದ್ದೇನೆ. ಬಿಸಿಬೇಳೆಬಾತ್ ಮಾಡ್ತಾರಂತೆ. ಆ ಹುಡುಗನನ್ನೂ ಕರ್ಕೊಂಡು ಬಾ ಅಂದಿದ್ದಾರೆ.